ಚೀಲದ ಮೇಲೆ ಬರೆಯದೆ ಉಳಿದ ಮಾತು
ಟೆಕ್ಸಾಸ್ ಸಿಟಿ ಸ್ಫೋಟದ ಇತಿಹಾಸ ಮತ್ತು ಸರಕು ವ್ಯವಹಾರಸ್ಥರ ಹೊಣೆ

ಅಮೆರಿಕದ ಟೆಕ್ಸಾಸ್ ರಾಜ್ಯದಲ್ಲಿ, ಗ್ಯಾಲ್ವೆಸ್ಟನ್ ಕೊಲ್ಲಿಯ ದಡದ ಮೇಲೆ, ಟೆಕ್ಸಾಸ್ ಸಿಟಿ ಎಂಬ ಬಂದರು ಪಟ್ಟಣವಿದೆ. 1947ನೇ ಇಸವಿ ಏಪ್ರಿಲ್ 16ರಂದು ಬೆಳಿಗ್ಗೆ 9 ಗಂಟೆ 12 ನಿಮಿಷಕ್ಕೆ ಅಲ್ಲಿನ ಧಕ್ಕೆಯಲ್ಲಿ ನಿಂತಿದ್ದ ‘ಗ್ರಾಂಕಾಂ’ ಎಂಬ ಫ್ರೆಂಚ್ ಹಡಗು ಸ್ಫೋಟಗೊಂಡಿತು. ಕನಿಷ್ಠ 581 ಮಂದಿ ಸತ್ತರು. ಗಾಯಗೊಂಡವರ ಸಂಖ್ಯೆ ಸಾವಿರಗಳಲ್ಲಿತ್ತು. ಆ ದೇಶದ ಕೈಗಾರಿಕಾ ಚರಿತ್ರೆಯಲ್ಲಿ ಅತ್ಯಂತ ಹೆಚ್ಚು ಜೀವಹಾನಿ ಮಾಡಿದ ಅವಘಡವೆಂದು ಇದನ್ನು ಇಂದಿಗೂ ಪರಿಗಣಿಸಲಾಗುತ್ತಿದೆ. ಸುಮಾರು ಎಂಟು ದಶಕಗಳ ಹಿಂದಿನ, ಸಾವಿರಾರು ಮೈಲಿ ದೂರದ ಈ ಘಟನೆಯನ್ನು ವಾಣಿಜ್ಯ ಸಂಸ್ಥೆಯ ಮಾಸಪತ್ರಿಕೆಯಲ್ಲಿ ಪ್ರಸ್ತಾಪಿಸಲು ಕಾರಣವಿದೆ. ಆ ಹಡಗಿನಲ್ಲಿ ಇದ್ದುದು ಶತ್ರುವಿನ ಬಾಂಬಲ್ಲ. ಕಾಗದಪತ್ರಗಳೆಲ್ಲ ಸರಿಯಿದ್ದ, ಮಾರಾಟವಾಗಿ ರವಾನೆಗೆ ಸಿದ್ಧವಾಗಿದ್ದ ವ್ಯಾಪಾರದ ಸರಕು. ಅದನ್ನು ತಯಾರಿಸಿದವರು, ಸಾಗಿಸಿದವರು, ದಾಸ್ತಾನು ಮಾಡಿದವರು, ಹಡಗಿಗೆ ತುಂಬಿದವರು ಎಲ್ಲರೂ ನಮ್ಮಂತೆಯೇ ದಿನನಿತ್ಯದ ವ್ಯವಹಾರ ನಡೆಸುತ್ತಿದ್ದವರು.

ಸರಕಿನ ಹೆಸರು ಅಮೋನಿಯಂ ನೈಟ್ರೇಟ್. ಎರಡನೆಯ ಮಹಾಯುದ್ಧದ ಕಾಲದಲ್ಲಿ ಬಾಂಬುಗಳಿಗೆ ತುಂಬಲು ಇದನ್ನು ಹೇರಳವಾಗಿ ಉತ್ಪಾದಿಸಲಾಗುತ್ತಿತ್ತು. ಯುದ್ಧ ಮುಗಿದ ಮೇಲೆ ಅಯೋವಾ ಮತ್ತು ನೆಬ್ರಾಸ್ಕ ರಾಜ್ಯಗಳಲ್ಲಿದ್ದ ಮದ್ದುಗುಂಡಿನ ಕಾರ್ಖಾನೆಗಳನ್ನೇ ಗೊಬ್ಬರ ತಯಾರಿಕೆಗೆ ಅಣಿಗೊಳಿಸಿ, ಯುದ್ಧದಿಂದ ಜರ್ಜರಿತವಾಗಿದ್ದ ದೇಶಗಳ ಹೊಲಗಳಿಗೆ ಸಾರಜನಕ ಒದಗಿಸುವ ಕಾರ್ಯಕ್ರಮವನ್ನು ಅಮೆರಿಕ ಸರ್ಕಾರ ಹಮ್ಮಿಕೊಂಡಿತು. ಉದ್ದೇಶ ಶ್ಲಾಘನೀಯವೇ. ಹಸಿದವರಿಗೆ ಅನ್ನ ಬೇಕಾಗಿತ್ತು, ಖಾಲಿ ಬಿದ್ದ ಕಾರ್ಖಾನೆಗಳಿಗೆ ಕೆಲಸ ಬೇಕಾಗಿತ್ತು. ಈ ಲವಣ ಗಾಳಿಯ ತೇವವನ್ನು ಹೀರಿ ಗಟ್ಟಿಯಾಗುವ ಗುಣವುಳ್ಳದ್ದು. ಅದನ್ನು ತಪ್ಪಿಸಲು ಹರಳುಗಳಿಗೆ ಮೇಣ, ರಾಳ ಮುಂತಾದವುಗಳ ಲೇಪ ಕೊಡುತ್ತಿದ್ದರು. ತನ್ನಲ್ಲೇ ಆಮ್ಲಜನಕವನ್ನು ಹೊತ್ತಿರುವ ವಸ್ತುವಿಗೆ ಉರಿಯುವ ವಸ್ತುವಿನ ಲೇಪ! ರಸಾಯನಶಾಸ್ತ್ರದ ಅ ಆ ಇ ಈ ಬಲ್ಲ ವಿದ್ಯಾರ್ಥಿಯೂ ಇದನ್ನು ಕೇಳಿ ಹುಬ್ಬೇರಿಸಬಹುದು. ಹೀಗೆ ಸಿದ್ಧವಾದ ಮಾಲನ್ನು ಬಿಸಿ ಆರುವ ಮೊದಲೇ ನೂರು ಪೌಂಡು ತೂಕದ, ಆರು ಪದರಗಳ ಕಾಗದದ ಚೀಲಗಳಿಗೆ ತುಂಬಿ ರೈಲಿನ ಬೋಗಿಗಳಲ್ಲಿ ಒತ್ತೊತ್ತಾಗಿ ಜೋಡಿಸಲಾಗುತ್ತಿತ್ತು. ಟೆಕ್ಸಾಸ್ ಸಿಟಿಯ ಧಕ್ಕೆಗೆ ಬಂದಾಗಲೂ ಚೀಲಗಳು ಮುಟ್ಟಿದರೆ ಬೆಚ್ಚಗಿದ್ದವೆಂದು ಹಮಾಲರು ಅನಂತರ ಹೇಳಿದ್ದಾರೆ.

ಆ ಚೀಲಗಳ ಮೇಲೆ ಮುದ್ರಿತವಾಗಿದ್ದುದು ‘ರಸಗೊಬ್ಬರ’ ಎಂಬ ಪದ, ಅದರೊಡನೆ ಲವಣದ ರಾಸಾಯನಿಕ ಹೆಸರು. ಬೆಂಕಿ ತಗುಲಿದರೆ ಏನಾಗುತ್ತದೆ, ಎಷ್ಟು ದೂರ ಸರಿಯಬೇಕು, ಹೇಗೆ ನಂದಿಸಬೇಕು ಎಂಬ ಒಂದು ಅಕ್ಷರವೂ ಅಲ್ಲಿರಲಿಲ್ಲ. ಇದು ತಿಳಿವಳಿಕೆಯ ಅಭಾವವಾಗಿರಲಿಲ್ಲ. 1921ರ ಸೆಪ್ಟೆಂಬರ್ 21ರಂದು ಜರ್ಮನಿಯ ಓಪ್ಪೌ ಎಂಬಲ್ಲಿ ಅಮೋನಿಯಂ ನೈಟ್ರೇಟ್ ಬೆರೆತ ಗೊಬ್ಬರದ ಉಗ್ರಾಣವೇ ಸಿಡಿದು ಐನೂರಕ್ಕೂ ಹೆಚ್ಚು ಜನ ಮಡಿದಿದ್ದರು. ಯುದ್ಧಕಾಲದಲ್ಲಿ ಈ ಲವಣವನ್ನು ಬಾಂಬಿಗೆ ತುಂಬಿದ ಸೇನಾ ಇಲಾಖೆಗೆ ಅದರ ಸ್ವಭಾವವನ್ನು ಯಾರೂ ಕಲಿಸಬೇಕಾಗಿರಲಿಲ್ಲ. ಹತ್ತಿರದ ಹ್ಯೂಸ್ಟನ್ ಬಂದರಿನ ಆಡಳಿತವಂತೂ ತನ್ನ ಧಕ್ಕೆಗಳಲ್ಲಿ ಈ ಸರಕನ್ನು ತುಂಬಲು ಅನುಮತಿಯನ್ನೇ ಕೊಡುತ್ತಿರಲಿಲ್ಲ. ‘ಗ್ರಾಂಕಾಂ’ ಹಡಗು ಈ ಸರಕಿಗಾಗಿ ಟೆಕ್ಸಾಸ್ ಸಿಟಿಗೆ ಬಂದುದರ ಹಿನ್ನೆಲೆ ಇದು. ಒಂದು ಬಂದರು ಬೇಡವೆಂದ ಮಾಲು ಇನ್ನೊಂದು ಬಂದರಿಗೆ ಆದಾಯವಾಯಿತು. ಹ್ಯೂಸ್ಟನ್ ಏಕೆ ಬೇಡವೆಂದಿತು ಎಂಬ ಪ್ರಶ್ನೆ ಮಾತ್ರ ಆ ಮಾಲಿನ ಜೊತೆಗೆ ಟೆಕ್ಸಾಸ್ ಸಿಟಿಗೆ ಪ್ರಯಾಣ ಮಾಡಲಿಲ್ಲ. ವ್ಯಾಪಾರಸ್ಥರಾದ ನಮಗೆ ಇಡೀ ಪ್ರಕರಣದಲ್ಲಿ ಇದಕ್ಕಿಂತ ಮುಖ್ಯವಾದ ಸಂಗತಿ ಇನ್ನೊಂದಿಲ್ಲವೆಂದು ನನ್ನ ಅಭಿಪ್ರಾಯ.

ಅಂದು ಬೆಳಿಗ್ಗೆ ನಡೆದುದನ್ನು ಸ್ವಲ್ಪ ವಿವರವಾಗಿಯೇ ನೋಡಬೇಕು. ಹಡಗಿನಲ್ಲಿ ಸುಮಾರು 2,300 ಟನ್ ಅಮೋನಿಯಂ ನೈಟ್ರೇಟ್ ಇತ್ತು. ಎಂಟು ಗಂಟೆಯ ಸುಮಾರಿಗೆ ನಾಲ್ಕನೆಯ ಅಂಕಣದಲ್ಲಿ ಚೀಲ ಜೋಡಿಸಲು ಇಳಿದವರಿಗೆ ಹೊಗೆಯ ವಾಸನೆ ಬಂದಿತು. ಕುಡಿಯುವ ನೀರಿನ ಪಾತ್ರೆಯನ್ನು ಸುರಿದರು, ಕೈಗೆ ಸಿಕ್ಕ ನಂದಕಗಳನ್ನು ಬಳಸಿದರು, ಪ್ರಯೋಜನವಾಗಲಿಲ್ಲ. ಹೆಚ್ಚು ನೀರು ಹಾಯಿಸಿದರೆ ಗೊಬ್ಬರ ಕರಗಿ ಕೆಡುತ್ತದೆಂಬ ಚಿಂತೆ ಹಡಗಿನ ಅಧಿಕಾರಿಗಳಿಗಿತ್ತು. ಸರಕನ್ನು ಸುರಕ್ಷಿತವಾಗಿ ತಲುಪಿಸುವುದು ಅವರ ಧರ್ಮ. ಆದ್ದರಿಂದ ಅಂಕಣದ ಬಾಗಿಲುಗಳನ್ನು ಮುಚ್ಚಿ, ಮೇಲೆ ಟಾರ್ಪಾಲು ಬಿಗಿದು, ಒಳಗೆ ಹಬೆ ಹರಿಸಲು ಆಜ್ಞೆಯಾಯಿತು. ಹತ್ತಿಯೋ ಧಾನ್ಯವೋ ಆಗಿದ್ದರೆ ಇದು ಸರಿಯಾದ ಕ್ರಮವೇ. ಗಾಳಿ ಸಿಗದೆ ಬೆಂಕಿ ಆರುತ್ತದೆ. ಆದರೆ ಅಮೋನಿಯಂ ನೈಟ್ರೇಟಿಗೆ ಹೊರಗಿನ ಗಾಳಿಯ ಹಂಗಿಲ್ಲ. ಮುಚ್ಚಿದ ಸ್ಥಳದಲ್ಲಿ ಅದನ್ನು ಬಿಸಿ ಮಾಡುವುದೆಂದರೆ ಅದನ್ನು ಸ್ಫೋಟಕ್ಕೆ ಹದಗೊಳಿಸುವುದು ಎಂದರ್ಥ. ಹಬೆ ಶಾಖವನ್ನು ಹೆಚ್ಚಿಸಿತು, ಮುಚ್ಚಿದ ಬಾಗಿಲು ಒತ್ತಡವನ್ನು ಹೆಚ್ಚಿಸಿತು. ಸರಕನ್ನು ಉಳಿಸಲು ಮಾಡಿದ ಪ್ರಯತ್ನವೇ ಊರನ್ನು ಸುಟ್ಟಿತು.

ಎಂಟೂವರೆಯ ಹೊತ್ತಿಗೆ ಒಳಗಿನ ಒತ್ತಡಕ್ಕೆ ಬಾಗಿಲುಗಳು ಹಾರಿಹೋಗಿ, ಕಿತ್ತಳೆ ಬಣ್ಣದ ವಿಚಿತ್ರ ಹೊಗೆ ಆಕಾಶಕ್ಕೇರಿತು. ಅದು ಎಷ್ಟು ಮನೋಹರವಾಗಿತ್ತೆಂದರೆ, ನೋಡಲು ಊರಿನ ಜನ, ಮಕ್ಕಳು ಕೂಡ, ಧಕ್ಕೆಯ ಬಳಿ ನೆರೆದರು. ಆ ಬಣ್ಣವೇ ಎಚ್ಚರಿಕೆಯೆಂದು ಬಲ್ಲವರು ಅಲ್ಲಿ ಯಾರೂ ಇರಲಿಲ್ಲ. ಪಟ್ಟಣದ ಸ್ವಯಂಸೇವಕ ಅಗ್ನಿಶಾಮಕ ದಳದ 28 ಮಂದಿಯಲ್ಲಿ 27 ಮಂದಿ ಹಡಗಿನ ಪಕ್ಕದಲ್ಲಿ ನಿಂತು ನೀರು ಹಾಯಿಸುತ್ತಿದ್ದರು. ಕಾದ ಉಕ್ಕಿನ ಮೇಲೆ ಬಿದ್ದ ನೀರು ಆ ಕ್ಷಣವೇ ಆವಿಯಾಗುತ್ತಿದ್ದುದು ಛಾಯಾಚಿತ್ರಗಳಲ್ಲಿ ದಾಖಲಾಗಿದೆ. ಆ 27 ಮಂದಿಯಲ್ಲಿ ಒಬ್ಬರೂ ಉಳಿಯಲಿಲ್ಲ.

ಸ್ಫೋಟದ ರಭಸಕ್ಕೆ ಸಮುದ್ರದ ನೀರು ಅಲೆಯಾಗಿ ಎದ್ದು ಧಕ್ಕೆಯನ್ನು ಮುಳುಗಿಸಿತು. ಮೇಲೆ ಹಾರುತ್ತಿದ್ದ ಎರಡು ಸಣ್ಣ ವಿಮಾನಗಳು ನೆಲಕ್ಕುರುಳಿದವು. ಸುಮಾರು ಎರಡು ಟನ್ ತೂಕದ ಲಂಗರು ಒಂದೂವರೆ ಮೈಲಿಗೂ ಆಚೆ ಹೋಗಿ ಬಿದ್ದಿತು. ಇಂದು ಅದು ಪಟ್ಟಣದ ಸ್ಮಾರಕ ಉದ್ಯಾನದಲ್ಲಿದೆ. ನಲವತ್ತು ಮೈಲಿ ದೂರದ ಹ್ಯೂಸ್ಟನ್‌ನಲ್ಲಿ ಕಿಟಕಿಯ ಗಾಜುಗಳು ಒಡೆದವು. ನೀರಿನ ಕಿರುಕಾಲುವೆಯಾಚೆ ಇದ್ದ ಮೊನ್ಸಾಂಟೊ ಕಂಪನಿಯ ರಾಸಾಯನಿಕ ಕಾರ್ಖಾನೆ ನೆಲಸಮವಾಯಿತು, ಅಲ್ಲಿನ ನೂರಾರು ಕಾರ್ಮಿಕರಲ್ಲಿ ಅನೇಕರು ಅಲ್ಲಿಯೇ ಅಸುನೀಗಿದರು. ತೈಲ ಸಂಗ್ರಹಾಗಾರಗಳು ಒಂದರ ನಂತರ ಒಂದು ಹೊತ್ತಿಕೊಂಡವು. ಆ ವಾರ ಅಮೆರಿಕದಾದ್ಯಂತ ದೂರವಾಣಿ ನೌಕರರ ಮುಷ್ಕರ ನಡೆಯುತ್ತಿತ್ತು. ಸುದ್ದಿ ತಿಳಿದೊಡನೆ ಆ ಊರಿನ ನೌಕರರು ಮುಷ್ಕರ ಬಿಟ್ಟು ಸ್ವಿಚ್‌ಬೋರ್ಡಿಗೆ ಮರಳಿದರು. ಸುಮಾರು 16,000 ಜನಸಂಖ್ಯೆಯ ಊರಿನಲ್ಲಿ 63 ಶವಗಳ ಗುರುತೇ ಹತ್ತಲಿಲ್ಲ. ನೂರಕ್ಕೂ ಹೆಚ್ಚು ಮಂದಿಯ ಅವಶೇಷವೂ ಸಿಗಲಿಲ್ಲ.

ಇಷ್ಟರಲ್ಲಿಯೇ ಮುಗಿಯಲಿಲ್ಲ. ಪಕ್ಕದ ಧಕ್ಕೆಯಲ್ಲಿ ‘ಹೈ ಫ್ಲೈಯರ್’ ಎಂಬ ಇನ್ನೊಂದು ಹಡಗಿತ್ತು. ಅದರಲ್ಲೂ ಸುಮಾರು 960 ಟನ್ ಅದೇ ಗೊಬ್ಬರ, ಜೊತೆಗೆ ಗಂಧಕ. ಮೊದಲ ಸ್ಫೋಟದ ಹೊಡೆತಕ್ಕೆ ಹಗ್ಗ ಕಿತ್ತುಕೊಂಡು ಪಕ್ಕದ ಹಡಗಿಗೆ ಸಿಕ್ಕಿಕೊಂಡಿದ್ದ ಅದನ್ನು ಎಳೆದೊಯ್ಯಲು ರಾತ್ರಿ ಬಂದ ಎಳೆಹಡಗುಗಳಿಗೆ ಸಾಧ್ಯವಾಗಲಿಲ್ಲ. ಮಧ್ಯರಾತ್ರಿ ಕಳೆದು ಒಂದು ಗಂಟೆಯ ಮೇಲೆ ಅದೂ ಸಿಡಿಯಿತು. ಈ ಸಲ ಸತ್ತವರು ಬೆರಳೆಣಿಕೆಯಷ್ಟು ಮಂದಿ, ಏಕೆಂದರೆ ಈ ಸಲ ಎಲ್ಲರಿಗೂ ಗೊತ್ತಿತ್ತು, ಜನರನ್ನು ತೆರವುಗೊಳಿಸಲಾಗಿತ್ತು. ಒಂದೇ ಸ್ಥಳ, ಒಂದೇ ಸರಕು. ಎರಡು ಸ್ಫೋಟಗಳ ಸಾವಿನ ಲೆಕ್ಕದಲ್ಲಿ ಇಷ್ಟೊಂದು ಅಂತರ ಬರಲು ತಿಳಿವಳಿಕೆ ಹೊರತು ಬೇರೆ ಕಾರಣವನ್ನು ಹುಡುಕಬೇಕಾಗಿಲ್ಲ.

ಆ ತಿಳಿವಳಿಕೆಯಾದರೂ ಸಮುದ್ರ ದಾಟಿತೇ? ಮೂರೂವರೆ ತಿಂಗಳೊಳಗೆ, 1947ರ ಜುಲೈ 28ರಂದು, ಫ್ರಾನ್ಸಿನ ಬ್ರೆಸ್ಟ್ ಬಂದರಿನಲ್ಲಿ ಅಮೋನಿಯಂ ನೈಟ್ರೇಟ್ ಹೊತ್ತ ‘ಓಷನ್ ಲಿಬರ್ಟಿ’ ಎಂಬ ನಾರ್ವೆಯ ಹಡಗಿಗೆ ಬೆಂಕಿ ಬಿದ್ದಿತು. ಅಲ್ಲಿಯೂ ಅಂಕಣವನ್ನು ಮುಚ್ಚಿ ಹಬೆ ಹಾಯಿಸಿದರು! ಪುಣ್ಯವಶಾತ್ ಹಡಗನ್ನು ಧಕ್ಕೆಯಿಂದ ಹೊರಗೆ ಎಳೆದೊಯ್ದಿದ್ದರಿಂದ ಸತ್ತವರ ಸಂಖ್ಯೆ ಇಪ್ಪತ್ತು ಮೂವತ್ತರೊಳಗೆ ನಿಂತಿತು.

ಪರಿಹಾರದ ಕಥೆ ಇನ್ನೊಂದು ಬಗೆಯ ಪಾಠ. ಉದ್ಯಮಿಗಳಲ್ಲಿ ಹಲವರು ‘ಅನಾಹುತವಾದರೆ ಕಾನೂನಿದೆ, ವಿಮೆಯಿದೆ’ ಎಂಬ ಧೈರ್ಯದಲ್ಲಿರುತ್ತಾರೆ. ಟೆಕ್ಸಾಸ್ ಸಿಟಿಯ ಸಂತ್ರಸ್ತರು ಸರ್ಕಾರದ ವಿರುದ್ಧ ಹೂಡಿದ ಸುಮಾರು 300 ದಾವೆಗಳ ಒಟ್ಟು ಮೊತ್ತ 20 ಕೋಟಿ ಡಾಲರುಗಳಷ್ಟಿತ್ತು. ಪರೀಕ್ಷಾರ್ಥವಾಗಿ ಮುಂದಿಟ್ಟ ಡೇಲ್‌ಹೈಟ್ ಪ್ರಕರಣದಲ್ಲಿ ಕೆಳಗಿನ ನ್ಯಾಯಾಲಯ ಸರ್ಕಾರವನ್ನು ಹೊಣೆಯಾಗಿಸಿತು. ಮೇಲ್ಮನವಿ ನ್ಯಾಯಾಲಯ ಅದನ್ನು ತಳ್ಳಿಹಾಕಿತು. 1953ರಲ್ಲಿ ಸರ್ವೋಚ್ಚ ನ್ಯಾಯಾಲಯ ನಾಲ್ಕು ಮೂರರ ಬಹುಮತದಿಂದ ಸರ್ಕಾರ ಹೊಣೆಯಲ್ಲವೆಂದಿತು. ಗೊಬ್ಬರವನ್ನು ಹೇಗೆ ತಯಾರಿಸಬೇಕು, ಹೇಗೆ ಚೀಲಕ್ಕೆ ತುಂಬಬೇಕು ಎಂಬುದೆಲ್ಲ ಯೋಜನೆಯ ಮಟ್ಟದಲ್ಲಿ ಆದ ವಿವೇಚನಾಧಿಕಾರದ ನಿರ್ಧಾರ, ಅದನ್ನು ನಷ್ಟಪರಿಹಾರದ ದಾವೆಯಲ್ಲಿ ಪ್ರಶ್ನಿಸಲಾಗದು ಎಂಬುದು ಬಹುಮತದ ತರ್ಕ. ಭಿನ್ನಮತ ಬರೆದ ನ್ಯಾಯಮೂರ್ತಿ ಜಾಕ್ಸನ್, ಅರಸನು ತಪ್ಪೇ ಮಾಡಲಾರನೆಂಬ ಹಳೆಯ ಸಿದ್ಧಾಂತ ಈಗ ಅರಸನು ಸಣ್ಣ ತಪ್ಪುಗಳನ್ನು ಮಾತ್ರ ಮಾಡಬಲ್ಲನೆಂದು ತಿದ್ದುಪಡಿಯಾಗಿದೆ ಎಂಬರ್ಥದ ಕಟುವಾದ ಮಾತನ್ನು ಬರೆದರು. ಕೊನೆಗೆ 1955ರಲ್ಲಿ ಅಮೆರಿಕದ ಸಂಸತ್ತು ವಿಶೇಷ ಶಾಸನ ಮಾಡಿ, ಸಾವಿರದ ಮುನ್ನೂರಕ್ಕೂ ಹೆಚ್ಚು ಅರ್ಜಿದಾರರಿಗೆ ಒಟ್ಟು ಸುಮಾರು 1.7 ಕೋಟಿ ಡಾಲರ್ ವಿತರಿಸುವ ವೇಳೆಗೆ ಹತ್ತು ವರ್ಷ ಕಳೆದಿತ್ತು. ಕೇಳಿದ್ದು ಇಪ್ಪತ್ತು ಕೋಟಿ, ದೊರೆತದ್ದು ಎರಡು ಕೋಟಿಗೂ ಕಡಿಮೆ.

ನಮ್ಮ ದೇಶದಲ್ಲಿ ಭೋಪಾಲ್ ದುರಂತದ ನಂತರ, 1991ರಲ್ಲಿ, ಸಾರ್ವಜನಿಕ ಹೊಣೆ ವಿಮಾ ಕಾಯ್ದೆ ಜಾರಿಗೆ ಬಂದಿತು. ತಪ್ಪು ಯಾರದೆಂದು ಸಾಬೀತುಪಡಿಸದೆಯೇ ತಕ್ಷಣ ಪರಿಹಾರ ದೊರೆಯಬೇಕೆಂಬ ತತ್ತ್ವ ಅದರಲ್ಲಿದೆ. ಈ ದೃಷ್ಟಿಯಲ್ಲಿ ನಾವು 1953ರ ಅಮೆರಿಕಕ್ಕಿಂತ ಮುಂದಿದ್ದೇವೆ. ಆದರೆ ಮೂಲ ಕಾಯ್ದೆಯಲ್ಲಿ ಒಂದು ಸಾವಿಗೆ ನಿಗದಿಯಾಗಿದ್ದ ಮೊತ್ತ 25,000 ರೂಪಾಯಿ ಎಂಬುದನ್ನು ನೆನೆದರೆ, ಹೆಮ್ಮೆಪಡುವ ಮೊದಲು ಸ್ವಲ್ಪ ಯೋಚಿಸಬೇಕಾಗುತ್ತದೆ.

ಟೆಕ್ಸಾಸ್ ಸಿಟಿ ಮತ್ತೆ ಎದ್ದು ನಿಂತಿತು. ಕಾರ್ಖಾನೆಗಳು ಪುನಃ ನಿರ್ಮಾಣವಾದವು, ಸ್ಮಾರಕಗಳೂ ಆದವು. ಆದರೂ 2005ರ ಮಾರ್ಚ್ 23ರಂದು ಅದೇ ಊರಿನ ಬಿ.ಪಿ. ಕಂಪನಿಯ ತೈಲ ಶುದ್ಧೀಕರಣಾಗಾರದಲ್ಲಿ ಸ್ಫೋಟವಾಗಿ 15 ಮಂದಿ ಸತ್ತರು, ಸುಮಾರು 180 ಮಂದಿ ಗಾಯಗೊಂಡರು. ಘಟಕವೊಂದನ್ನು ಮರುಚಾಲನೆ ಮಾಡುವಾಗ 170 ಅಡಿ ಎತ್ತರದ ಗೋಪುರದಲ್ಲಿ ದ್ರವ ಮಿತಿಮೀರಿ ತುಂಬಿತು. ಮಟ್ಟ ತೋರಿಸುವ ಮಾಪಕ ತಪ್ಪು ಹೇಳುತ್ತಿತ್ತು. ಉಕ್ಕಿದ ದ್ರವ ಹಳೆಯ ಮಾದರಿಯ ಹೊರಕೊಳವೆಯಿಂದ ಕಾರಂಜಿಯಂತೆ ಚಿಮ್ಮಿ ಆವಿಯ ಮೋಡವಾಯಿತು. ಆ ಕೊಳವೆಯ ಬದಲು ಜ್ವಾಲಾ ಸ್ತಂಭ ಅಳವಡಿಸುವ ಸಲಹೆಗಳು ಹಿಂದೆಯೇ ಬಂದು ಮೂಲೆಗುಂಪಾಗಿದ್ದವು. ಆಡಳಿತವು ವೆಚ್ಚ ಕಡಿತಕ್ಕೆ ಒತ್ತಾಯಿಸುತ್ತಿತ್ತೆಂಬುದನ್ನು ಆ ದೇಶದ ರಾಸಾಯನಿಕ ಸುರಕ್ಷತಾ ಮಂಡಳಿ 2007ರ ವರದಿಯಲ್ಲಿ ವಿಸ್ತಾರವಾಗಿ ದಾಖಲಿಸಿದೆ.

ಸತ್ತ 15 ಮಂದಿಯೂ ಗುತ್ತಿಗೆ ಸಂಸ್ಥೆಗಳ ನೌಕರರು. ಅವರಿಗೂ ಆ ಘಟಕಕ್ಕೂ ಸಂಬಂಧವೇ ಇರಲಿಲ್ಲ. ಪಕ್ಕದಲ್ಲಿ ತಾತ್ಕಾಲಿಕವಾಗಿ ನಿಲ್ಲಿಸಿದ್ದ ಟ್ರೇಲರ್ ಕಚೇರಿಗಳಲ್ಲಿ ಮತ್ತು ಅವುಗಳ ಸುತ್ತಮುತ್ತ ಬೇರೆ ಕೆಲಸದ ಮೇಲಿದ್ದವರು. ಹೊರಕೊಳವೆಯ ಪೀಪಾಯಿಗೂ ಹತ್ತಿರದ ಟ್ರೇಲರಿಗೂ ನಡುವಿನ ಅಂತರ ಕೇವಲ 121 ಅಡಿ. ಘಟಕವನ್ನು ಆ ದಿನ ಚಾಲನೆ ಮಾಡಲಾಗುತ್ತಿದೆ ಎಂದು ಅವರಿಗೆ ಯಾರೂ ಹೇಳಿರಲಿಲ್ಲ. 1947ರಲ್ಲಿ ಧಕ್ಕೆಯ ಬಳಿ ನೆರೆದವರಿಗೆ ಸುದ್ದಿ ತಲುಪಲಿಲ್ಲ, 2005ರಲ್ಲಿ ಬೇಲಿಯೊಳಗೇ ಕುಳಿತಿದ್ದವರಿಗೂ ತಲುಪಲಿಲ್ಲ. ಆ ವರದಿಯ ಇನ್ನೊಂದು ಅಂಶವನ್ನು ಕಾರ್ಖಾನೆ ನಡೆಸುವ ಸದಸ್ಯರು ಗಮನಿಸಬೇಕು: ಕಾರ್ಮಿಕರ ವೈಯಕ್ತಿಕ ಗಾಯಗಳ ಪ್ರಮಾಣ ಅಲ್ಲಿ ಕಡಿಮೆಯಿತ್ತು, ಅದನ್ನೇ ಸುರಕ್ಷತೆಯ ಅಳತೆಗೋಲೆಂದು ಆಡಳಿತ ನಂಬಿತ್ತು. ನಮ್ಮ ಕಾರ್ಖಾನೆಗಳ ಹೆಬ್ಬಾಗಿಲಿನಲ್ಲಿ ‘ಅಪಘಾತವಿಲ್ಲದ ಇಷ್ಟು ದಿನಗಳು’ ಎಂಬ ಫಲಕ ಇರುತ್ತದಲ್ಲ, ಅದು ಜಾರಿ ಬಿದ್ದವರ ಲೆಕ್ಕವನ್ನು ಹೇಳುತ್ತದೆ. ಗೋಪುರ ತುಂಬುತ್ತಿದೆಯೇ ಎಂಬುದನ್ನು ಹೇಳುವುದಿಲ್ಲ.

ಇದೆಲ್ಲ ಹೊರದೇಶದ ಮಾತಾಯಿತು ಎನ್ನುವವರಿಗೆ ಮುಂಬಯಿಯನ್ನು ನೆನಪಿಸಬೇಕು. 1944ರ ಏಪ್ರಿಲ್ 14ರಂದು ವಿಕ್ಟೋರಿಯಾ ಡಾಕ್‌ನಲ್ಲಿ ‘ಫೋರ್ಟ್ ಸ್ಟೈಕಿನ್’ ಹಡಗು ಸಿಡಿಯಿತು. ಅದರಲ್ಲಿ ಸುಮಾರು 1,400 ಟನ್ ಸ್ಫೋಟಕ, ಅದರೊಡನೆ ಹತ್ತಿಯ ಬೇಲುಗಳು. ಒಂದೇ ಹಡಗಿನಲ್ಲಿ ಇವೆರಡನ್ನೂ ತುಂಬಲು ಯುದ್ಧಕಾಲದ ತುರ್ತು ಕಾರಣವಾಯಿತು. ಮಧ್ಯಾಹ್ನ ಹೊಗೆ ಕಂಡ ಮೇಲೆ ಸ್ಫೋಟವಾಗುವವರೆಗೆ ಎರಡು ಗಂಟೆಗೂ ಹೆಚ್ಚು ಕಾಲ ಸಿಕ್ಕಿತ್ತು. ಹಡಗನ್ನು ಮುಳುಗಿಸಬೇಕೇ, ಹೊರಗೆ ಎಳೆಯಬೇಕೇ, ಅಲ್ಲಿಯೇ ನಂದಿಸಬೇಕೇ ಎಂದು ಅಂತಿಮ ಮಾತು ಹೇಳುವವರಾರೆಂಬುದೇ ಇತ್ಯರ್ಥವಾಗಲಿಲ್ಲ. ಎಂಟುನೂರಕ್ಕೂ ಹೆಚ್ಚು ಜನ ಸತ್ತರು. ಅಂದು ಪ್ರಾಣತೆತ್ತ ಅಗ್ನಿಶಾಮಕ ಸಿಬ್ಬಂದಿಯ ಸ್ಮರಣಾರ್ಥವಾಗಿಯೇ ಪ್ರತಿವರ್ಷ ಏಪ್ರಿಲ್ 14ರಿಂದ 20ರವರೆಗೆ ದೇಶದಾದ್ಯಂತ ಅಗ್ನಿಶಾಮಕ ಸೇವಾ ಸಪ್ತಾಹ ನಡೆಯುತ್ತದೆ. ಟೆಕ್ಸಾಸ್ ಸಿಟಿಯ ದಿನವೂ ಆ ಸಪ್ತಾಹದಲ್ಲಿಯೇ ಬರುವುದು ಕಾಕತಾಳೀಯ.

ಇನ್ನು ಬೈರೂತ್. 2013ರಲ್ಲಿ ಬಂದ ಹಡಗಿನಿಂದ ಇಳಿಸಿದ 2,750 ಟನ್ ಅಮೋನಿಯಂ ನೈಟ್ರೇಟ್ ಬಂದರಿನ 12ನೇ ಸಂಖ್ಯೆಯ ಉಗ್ರಾಣದಲ್ಲಿ ವರ್ಷಗಟ್ಟಲೆ ಬಿದ್ದಿತ್ತು. ಸುಂಕದ ಅಧಿಕಾರಿಗಳು ಮತ್ತೆ ಮತ್ತೆ ಪತ್ರ ಬರೆದರು, ಪತ್ರಗಳು ಕಡತ ಸೇರಿದವು. 2020ರ ಆಗಸ್ಟ್ 4ರಂದು ಉಗ್ರಾಣಕ್ಕೆ ಬೆಂಕಿ ಬಿದ್ದಾಗ ನಂದಿಸಲು ಹೋದ ಹತ್ತು ಮಂದಿಗೆ ಒಳಗೇನಿದೆ ಎಂಬುದು ತಿಳಿದಿರಲಿಲ್ಲ. ಇನ್ನೂರಕ್ಕೂ ಹೆಚ್ಚು ಮಂದಿ ಸತ್ತರು. ಆ ಸುದ್ದಿ ಬಂದ ಮೇಲೆಯೇ, ಚೆನ್ನೈ ಸಮೀಪದ ಮನಲಿಯ ಕಂಟೇನರ್ ಕೇಂದ್ರದಲ್ಲಿ 2015ರಿಂದ ಜಪ್ತಿಯಾಗಿ ಉಳಿದಿದ್ದ ಸುಮಾರು 740 ಟನ್ ಅದೇ ಲವಣ ನಮ್ಮ ಅಧಿಕಾರಿಗಳ ಕಣ್ಣಿಗೆ ಬಿದ್ದು, ಹರಾಜಾಗಿದ್ದ ಆ ಮಾಲನ್ನು ಕೆಲವೇ ದಿನಗಳಲ್ಲಿ ಹೈದರಾಬಾದಿಗೆ ಸಾಗಿಸುವ ಕೆಲಸ ಆರಂಭವಾಯಿತು. ಐದು ವರ್ಷ ಆಗದ ಕೆಲಸ ಒಂದು ವಾರದಲ್ಲಿ ಆಗಬಹುದಾದರೆ ಅಡ್ಡಿಯಾಗಿದ್ದುದು ಏನು? 2012ರ ಅಮೋನಿಯಂ ನೈಟ್ರೇಟ್ ನಿಯಮಗಳಿಗೆ 2021ರಲ್ಲಿ ತಿದ್ದುಪಡಿ ತಂದು, ಜಪ್ತಿ ಮಾಲಿನ ವಿಲೇವಾರಿ, ಬಂದರಿನಿಂದ ದೂರದ ದಾಸ್ತಾನು, ಅಗ್ನಿಶಾಮಕ ವ್ಯವಸ್ಥೆ ಇವುಗಳ ಬಗ್ಗೆ ಸೂಚನೆಗಳನ್ನು ಸೇರಿಸಲಾಯಿತು. ನಿಯಮ ಒಳ್ಳೆಯದೇ. ಬೈರೂತ್ ಇಲ್ಲದಿದ್ದರೆ ಅದು ಬರುತ್ತಿತ್ತೇ ಎಂಬ ಸಂದೇಹವೂ ಸಹಜವೇ.

ನಮ್ಮ ಕರಾವಳಿಗೆ ಬರೋಣ. 1975ರಲ್ಲಿ ಉದ್ಘಾಟನೆಯಾದ ನವ ಮಂಗಳೂರು ಬಂದರಿನ ಸುತ್ತ ಪಣಂಬೂರು, ಬೈಕಂಪಾಡಿ, ಕುಳಾಯಿ, ಸುರತ್ಕಲ್ ಇವೆಲ್ಲ ಒಂದಕ್ಕೊಂದು ತಾಗಿಕೊಂಡಿರುವ ಊರುಗಳು. ರಸಗೊಬ್ಬರದ ಕಾರ್ಖಾನೆ, ತೈಲ ಶುದ್ಧೀಕರಣಾಗಾರ, ಅನಿಲದ ಆಮದು, ಭೂಗತ ಕಚ್ಚಾತೈಲ ಸಂಗ್ರಹ ಎಲ್ಲವೂ ಇಲ್ಲಿವೆ. ಇವುಗಳಿಂದಲೇ ಜಿಲ್ಲೆಯ ಏಳಿಗೆಯಾಗಿದೆ ಎಂಬುದರಲ್ಲಿ ಎರಡು ಮಾತಿಲ್ಲ, ದೊಡ್ಡ ಸಂಸ್ಥೆಗಳಲ್ಲಿ ಸುರಕ್ಷತೆಯ ಶಿಸ್ತು ಇದೆ ಎಂಬುದನ್ನೂ ಒಪ್ಪಬೇಕು. ನನ್ನ ಆತಂಕ ಬೇಲಿಯಾಚೆಗಿನದು. ಅಪಾಯಕಾರಿ ಸರಕು ದೊಡ್ಡ ಸಂಸ್ಥೆಯ ಗೇಟಿನಿಂದ ಹೊರಬಿದ್ದ ಕ್ಷಣದಿಂದ ಅದು ಸಣ್ಣವರ ಕೈಗೆ ಬರುತ್ತದೆ: ಲಾರಿ ಮಾಲೀಕ, ಚಾಲಕ, ಗೋದಾಮಿನ ಬಾಡಿಗೆದಾರ, ಹಮಾಲಿ ಮೇಸ್ತ್ರಿ. 2013ರ ಏಪ್ರಿಲ್‌ನಲ್ಲಿ ಬೆಂಗಳೂರು ಹೆದ್ದಾರಿಯ ಪೆರ್ನೆಯಲ್ಲಿ ಅನಿಲ ಟ್ಯಾಂಕರ್ ಉರುಳಿ ಬೆಂಕಿ ಹತ್ತಿದಾಗ ಸತ್ತವರು ರಸ್ತೆಬದಿಯ ಮನೆಗಳವರು, ದಾರಿಹೋಕರು. 2021ರ ಜನವರಿಯಲ್ಲಿ ಶಿವಮೊಗ್ಗದ ಹುಣಸೋಡಿನಲ್ಲಿ, ಮರುತಿಂಗಳು ಚಿಕ್ಕಬಳ್ಳಾಪುರದ ಹಿರೇನಾಗವಲ್ಲಿಯಲ್ಲಿ, ಕಲ್ಲುಗಣಿಗೆ ಸಂಬಂಧಿಸಿದ ಸ್ಫೋಟಕಗಳು ಸಿಡಿದಾಗ ಸತ್ತವರು ಕೂಲಿಕಾರರು.

ನಮ್ಮ ವ್ಯವಹಾರದ ಭಾಷೆಯನ್ನೇ ನೋಡಿ. ಸರಕು ರವಾನೆಯ ಚೀಟಿಗಳಲ್ಲಿ ‘ಕೆಮಿಕಲ್’, ‘ಪೌಡರ್’, ‘ಡ್ರಮ್ 40’ ಎಂಬ ಒಂದೊಂದೇ ಪದ ಬರೆದು ಮುಗಿಸುವುದು ನಮ್ಮಲ್ಲಿ ವಾಡಿಕೆ. ಹೆಚ್ಚು ಬರೆದರೆ ಬಾಡಿಗೆ ಹೆಚ್ಚಾದೀತು, ಲಾರಿಯವನು ಒಪ್ಪಲಾರ, ತಪಾಸಣೆಯಲ್ಲಿ ಪ್ರಶ್ನೆ ಎದ್ದೀತು ಎಂಬ ಲೆಕ್ಕಾಚಾರ. ಸುಳ್ಳು ಬರೆದಂತೆ ಆಗಲಿಲ್ಲ, ಪೂರ್ತಿ ಹೇಳಿದಂತೆಯೂ ಆಗಲಿಲ್ಲ. ಟೆಕ್ಸಾಸ್ ಸಿಟಿಯ ಚೀಲದ ಮೇಲಿದ್ದ ‘ರಸಗೊಬ್ಬರ’ ಎಂಬ ಪದವೂ ಸುಳ್ಳಾಗಿರಲಿಲ್ಲ.

ಕಾನೂನು ಇಲ್ಲವೆಂದಲ್ಲ. 1987ರಲ್ಲಿಯೇ ಕಾರ್ಖಾನೆಗಳ ಕಾಯ್ದೆಗೆ ತಿದ್ದುಪಡಿಯಾಗಿ, ಅಪಾಯಗಳ ಮಾಹಿತಿಯನ್ನು ಕಾರ್ಮಿಕರಿಗೂ ನೆರೆಹೊರೆಯವರಿಗೂ ತಿಳಿಸುವ ಹೊಣೆಯನ್ನು ಮಾಲೀಕರ ಮೇಲೆ ಹೊರಿಸಲಾಯಿತು. 1989ರಲ್ಲಿ ಅಪಾಯಕಾರಿ ರಾಸಾಯನಿಕಗಳ ನಿಯಮಗಳು ಬಂದವು. ಇವುಗಳನ್ನು ನಾವು ಹೆಚ್ಚಾಗಿ ಅಧಿಕಾರಿಗಳಿಗೆ ತೋರಿಸಬೇಕಾದ ಕಡತವೆಂದು ಭಾವಿಸಿದ್ದೇವೆ. ಅಣಕು ಪ್ರದರ್ಶನದ ದಿನ ಹಾರ ತುರಾಯಿ, ಛಾಯಾಚಿತ್ರ, ಉಪಾಹಾರ. ಮರುದಿನ ಪಕ್ಕದ ಗೋದಾಮಿನವನನ್ನು ಕೇಳಿದರೆ ಅಲ್ಲಿ ಏನು ನಡೆಯಿತೆಂದು ಅವನಿಗೆ ಗೊತ್ತಿರುವುದಿಲ್ಲ.

ಈ ವಿಷಯದಲ್ಲಿ ಸರ್ಕಾರಕ್ಕಿಂತ ಮೊದಲು ವಾಣಿಜ್ಯ ಸಂಸ್ಥೆಗಳು ಮುಂದೆ ಬರಬೇಕೆಂಬುದು ನನ್ನ ವಾದ. ಕಾರಣ ಸರಳವಾಗಿದೆ. ಹ್ಯೂಸ್ಟನ್ ಒಂದೇ ಬೇಡವೆಂದರೆ ಮಾಲು ಟೆಕ್ಸಾಸ್ ಸಿಟಿಗೆ ಹೋಗುತ್ತದೆ. ಒಬ್ಬ ಗೋದಾಮಿನ ಮಾಲೀಕ ಪ್ರಶ್ನೆ ಕೇಳಿದರೆ ಗಿರಾಕಿ ಪ್ರಶ್ನೆ ಕೇಳದ ಪಕ್ಕದವನ ಬಳಿ ಹೋಗುತ್ತಾನೆ. ಕೇಳಿದವನಿಗೆ ನಷ್ಟ, ಕೇಳದವನಿಗೆ ಲಾಭ. ಎಲ್ಲರೂ ಒಂದೇ ಪ್ರಶ್ನೆಯನ್ನು ಕೇಳುವಂತೆ ಒಪ್ಪಂದ ಮಾಡಿಕೊಳ್ಳಬಲ್ಲ ವೇದಿಕೆಯೆಂದರೆ ವ್ಯಾಪಾರಿಗಳದೇ ಆದ ಸಂಘ. ತೂಕ, ದಲಾಲಿ, ಪಾವತಿಯ ಗಡುವು ಇವುಗಳ ಬಗ್ಗೆ ಸದಸ್ಯರ ನಡುವೆ ಸಮಾನ ನಿಯಮ ಸಾಧ್ಯವಾಗಿರುವಾಗ ಸರಕಿನ ವಿವರದ ಬಗ್ಗೆ ಏಕೆ ಸಾಧ್ಯವಾಗಬಾರದು?

ಆಕ್ಷೇಪಗಳನ್ನು ನಾನು ಬಲ್ಲೆ. ಗೋದಾಮಿನಲ್ಲಿ ಏನಿದೆ ಎಂದು ಹೊರಗೆ ಹೇಳಿದರೆ ವ್ಯಾಪಾರದ ಗುಟ್ಟು ಬಯಲಾಗುತ್ತದೆ ಎನ್ನುತ್ತಾರೆ. ಬೆಲೆಯನ್ನಾಗಲಿ ಗಿರಾಕಿಯ ಹೆಸರನ್ನಾಗಲಿ ಯಾರೂ ಕೇಳುತ್ತಿಲ್ಲ. ವಸ್ತುವಿನ ಹೆಸರು, ಪ್ರಮಾಣ, ಬೆಂಕಿ ಬಿದ್ದರೆ ಮಾಡಬೇಕಾದುದು ಮತ್ತು ಮಾಡಬಾರದುದು, ಇಷ್ಟೇ. ಕಳ್ಳಕಾಕರ ಭಯವಿದ್ದರೆ ಬೀದಿಗೆ ಕಾಣುವಂತೆ ಹಾಕುವುದು ಬೇಡ, ಠಾಣೆಗೆ ಒಂದು ಪ್ರತಿ ಕೊಟ್ಟರೆ ಸಾಕು. ಇನ್ನು ವೆಚ್ಚದ ಮಾತು. ಒಂದು ಹಾಳೆ ಕಾಗದಕ್ಕೆ ಎಷ್ಟು ವೆಚ್ಚ? ಜನ ಸುಮ್ಮನೆ ಹೆದರುತ್ತಾರೆ ಎಂಬ ವಾದವೂ ಇದೆ. ಈ ವಾದ ನನಗೆ ಎಂದೂ ಹಿಡಿಸಿಲ್ಲ. ಹೈ ಫ್ಲೈಯರ್ ಹಡಗಿನ ಸುತ್ತಲಿನ ಜನ ಹೆದರಿದ್ದರಿಂದಲೇ ಬದುಕಿದರು.

ಮುಂದಿನ ಅಗ್ನಿಶಾಮಕ ಸಪ್ತಾಹದಲ್ಲಿ ಭಾಷಣ ಮತ್ತು ಸನ್ಮಾನಗಳ ಬದಲು ಒಂದು ಕೆಲಸ ಆಗಲಿ ಎಂದು ಸೂಚಿಸುತ್ತೇನೆ. ಬೈಕಂಪಾಡಿ ಮತ್ತು ಪಣಂಬೂರು ವಲಯದಲ್ಲಿ ಗೋದಾಮು ಹೊಂದಿರುವ ಪ್ರತಿಯೊಬ್ಬ ಸದಸ್ಯರೂ ತಮ್ಮಲ್ಲಿರುವ ಸರಕುಗಳ ಒಂದು ಪುಟದ ವಿವರ ಸಿದ್ಧಪಡಿಸಿ ಸಮೀಪದ ಅಗ್ನಿಶಾಮಕ ಠಾಣೆಗೆ ತಲುಪಿಸಲಿ, ಸರಕು ಬದಲಾದಾಗ ವಿವರವೂ ಬದಲಾಗಲಿ. ಬಾಡಿಗೆ ಕರಾರಿನಲ್ಲಿ ಇದನ್ನು ಒಂದು ಷರತ್ತಾಗಿ ಸೇರಿಸಿದರೆ ಗುಮಾಸ್ತರಿಗೆ ಮರೆಯುವುದಿಲ್ಲ. ಠಾಣೆಯ ಸಿಬ್ಬಂದಿಯನ್ನು ವರ್ಷಕ್ಕೊಮ್ಮೆ ಒಳಗೆ ಕರೆದು ತೋರಿಸಲಿ. ಬೆಂಕಿಯ ದಿನ ಅವರು ಮೊದಲ ಬಾರಿಗೆ ಆ ಬಾಗಿಲನ್ನು ನೋಡುವಂತಾಗಬಾರದು. ವಿವರವನ್ನು ಕನ್ನಡದಲ್ಲಿ ಬರೆಯಬೇಕು. ಕರಾವಳಿಯ ಧಕ್ಕೆ ಗೋದಾಮುಗಳಲ್ಲಿ ಇಂದು ಮೂಟೆ ಹೊರುವವರಲ್ಲಿ ಅನೇಕರು ಉತ್ತರ ಭಾರತದಿಂದ, ಒಡಿಶಾದಿಂದ ಬಂದವರಾದ್ದರಿಂದ ಹಿಂದಿಯಲ್ಲೂ ಒಂದು ಪ್ರತಿ ಇರಲಿ. ಓದು ಬಾರದವರಿಗೆ ಮೇಸ್ತ್ರಿಯೇ ಓದಿ ಹೇಳಬೇಕು, ತುಳುವಿನಲ್ಲಾದರೂ ಸರಿ. ಚೀಲ ಬೆಚ್ಚಗಿದ್ದರೆ ಅದನ್ನು ಯಾರಿಗೆ ತಿಳಿಸಬೇಕು ಎಂಬುದಕ್ಕೆ ಒಬ್ಬರ ಹೆಸರು ಮತ್ತು ದೂರವಾಣಿ ಸಂಖ್ಯೆ ಆ ಹಾಳೆಯ ಮೊದಲ ಸಾಲಿನಲ್ಲಿಯೇ ಇರಬೇಕು.